ತ್ರಿಕೋನ, ವೃತ್ತ, ಗೆರೆ: ಒಂದು ಮಾಯಾ ಗುರುತಿನ ಹಿಂದಿನ ಕಥೆ

(1/7)
ಮೊದಲ ಸ್ಲೈಡ್ ನೋಡಿದ್ರಲ್ಲ? ಒಂದು ತ್ರಿಕೋನ, ಅದರೊಳಗೆ ಅಂಚಿಗೆ ತಾಗೋ ಹಾಗೆ ಒಂದು ವೃತ್ತ, ಮೇಲಿಂದ ಕೆಳಗಿನ ತನಕ ಒಂದು ನೇರ ಗೆರೆ. ಜಾಮಿಟ್ರಿ ಬಾಕ್ಸ್ ಇದ್ರೆ ಅರ್ಧ ನಿಮಿಷದ ಕೆಲಸ. ಫೋನ್ ಕವರ್, ಕೀಚೈನ್, ಕತ್ತಿನ ಸರ, ಟೀ ಶರ್ಟ್, ಎಲ್ಲಾ ಕಡೆ ನೋಡಿರ್ತೀರಿ. ಹ್ಯಾರಿ ಪಾಟರ್ ಕಥೆಯ ಡೆತ್ಲಿ ಹ್ಯಾಲೋಸ್ ಗುರುತು ಇದು.

ಹೋದ ವಾರ ನಮ್ಮ ಕ್ಲಾಸಿನವಳೊಬ್ಬಳು ಮೆಸೇಜ್ ಮಾಡಿದ್ಲು: "ಇದನ್ನ ಮಣಿಕಟ್ಟಿನ ಮೇಲೆ ಟ್ಯಾಟೂ ಹಾಕಿಸ್ಕೋಬೇಕು ಅಂತಿದೀನಿ, ಇದರಲ್ಲಿ ಏನಾದ್ರೂ ಕೆಟ್ಟ ಅರ್ಥ ಇದ್ಯಾ?" ಒಂದು ಸಾಲಲ್ಲಿ ಉತ್ತರ ಕೊಡೋಕೆ ಹೋದೆ, ಏಳು ಪೋಸ್ಟ್ ಆಯ್ತು. ಪುಸ್ತಕ ಓದಿಲ್ಲದವರು, ಸಿನಿಮಾ ನೋಡಿಲ್ಲದವರು ಇಲ್ಲೇ ನಿಂತ್ಬಿಡಿ. ಕಥೆ ಪೂರ್ತಿ ಬಿಟ್ಟುಕೊಡ್ತೀನಿ.

ಮೂರು ಜನ ಅಣ್ಣತಮ್ಮಂದಿರು ಸಾವಿನ ಕೈಯಿಂದ ತಪ್ಪಿಸಿಕೊಂಡು ಅದರಿಂದಲೇ ಮೂರು ವರ ಪಡೆದರು ಅನ್ನೋದು ಮಾಂತ್ರಿಕರ ಲೋಕದ ಹಳೇ ಅಜ್ಜಿಕಥೆ. ದೊಡ್ಡವನಿಗೆ ಸೋಲೇ ಇಲ್ಲದ ಮಂತ್ರದಂಡ, ಅದು ಗೆರೆ. ನಡುವಿನವನಿಗೆ ಸತ್ತವರನ್ನ ವಾಪಸ್ ಕರೆಸೋ ಕಲ್ಲು, ಅದು ವೃತ್ತ. ಚಿಕ್ಕವನು ಬುದ್ಧಿವಂತ, ಸಾವಿನ ಕಣ್ಣಿಗೂ ಬೀಳದ ಹಾಗೆ ಮಾಡೋ ಹೊದಿಕೆ ಕೇಳಿದ. ಅದು ತ್ರಿಕೋನ. ಮೂರನ್ನೂ ಒಟ್ಟು ಸೇರಿಸಿದವನು ಸಾವಿನ ಒಡೆಯ ಆಗ್ತಾನಂತೆ. ದಂಡ ಪಡೆದವನನ್ನ ಅವತ್ತೇ ರಾತ್ರಿ ನಿದ್ದೆಯಲ್ಲಿ ಕೊಂದು ದಂಡ ಕದ್ದರು. ಕಲ್ಲು ಪಡೆದವನು ಸತ್ತ ಹುಡುಗಿಯನ್ನ ಕರೆಸಿ, ಅವಳು ಪೂರ್ತಿ ಬರದೇ ಇದ್ದದ್ದಕ್ಕೆ ಹುಚ್ಚಾಗಿ ಪ್ರಾಣ ಕಳ್ಕೊಂಡ. ಹೊದಿಕೆಯವನು ಮಾತ್ರ ಮುಪ್ಪಾದ ಮೇಲೆ ತಾನಾಗೇ ಹೊದಿಕೆ ತೆಗೆದು, ಹಳೇ ಸ್ನೇಹಿತನ ಜೊತೆ ಹೋಗೋ ಹಾಗೆ ಸಾವಿನ ಜೊತೆ ಹೋದ.

ಕಥೆ ಇಷ್ಟೇ ಆಗಿದ್ರೆ ಟ್ಯಾಟೂ ಹಾಕಿಸ್ಕೊ ಮಾರಾಯ್ತಿ ಅಂತ ಹೇಳಿ ಮುಗಿಸ್ತಿದ್ದೆ.

(2/7)
ಏಳನೇ ಪುಸ್ತಕದಲ್ಲಿ ಒಂದು ಮದುವೆ ಬರುತ್ತೆ. ರಾನ್‌ನ ಅಣ್ಣ ಬಿಲ್‌ಗೂ ಫ್ಲರ್‌ಗೂ ಮದುವೆ. ದೊಡ್ಡ ಶಾಮಿಯಾನ, ಹಾಡು, ಕುಣಿತ. ಲೂನಾಳ ಅಪ್ಪ ಜೆನೋಫಿಲಿಯಸ್ ಲವ್‌ಗುಡ್ ಕತ್ತಿಗೆ ಇದೇ ಗುರುತಿನ ಸರ ಹಾಕ್ಕೊಂಡು ಬಂದಿರ್ತಾನೆ. ಸ್ವಲ್ಪ ತಿಕ್ಕಲು, ಆದರೆ ಒಬ್ಬರಿಗೂ ಕೇಡು ಬಯಸೋನಲ್ಲ.

ಅದನ್ನ ನೋಡಿ ವಿಕ್ಟರ್ ಕ್ರಮ್‌ಗೆ ಮೈಯೆಲ್ಲಾ ಉರಿದುಹೋಗುತ್ತೆ. ಅವನು ಫ್ಲರ್ ಕಡೆಯ ಅತಿಥಿ ಆಗಿಲ್ಲದಿದ್ದರೆ ಈಗಲೇ ಅವನ ಮೇಲೆ ದ್ವಂದ್ವಕ್ಕೆ ಹೋಗ್ತಿದ್ದೆ ಅಂತಾನೆ. ಯಾಕಂದ್ರೆ ಅವನ ದೇಶದ ಕಡೆ ಅದು ಅಣ್ಣತಮ್ಮಂದಿರ ಕಥೆಯ ಗುರುತಲ್ಲ, ಗ್ರಿಂಡೆಲ್‌ವಾಲ್ಡ್‌ನ ಗುರುತು. ವೋಲ್ಡೆಮಾರ್ಟ್‌ಗಿಂತ ಹಿಂದಿನ ಕಾಲದ ದೊಡ್ಡ ದುಷ್ಟ ಮಾಂತ್ರಿಕ ಅವನು. ಕ್ರಮ್‌ನ ಅಜ್ಜನನ್ನ ಕೊಂದವನು. ಡರ್ಮ್‌ಸ್ಟ್ರಾಂಗ್ ಶಾಲೆಯಲ್ಲಿ ಓದ್ತಿದ್ದಾಗ ಅಲ್ಲಿನ ಗೋಡೆ ಮೇಲೆ ಈ ಗುರುತು ಕೆತ್ತಿದ್ದ.

ಇಲ್ಲೊಂದು ಸಣ್ಣ ವಿಷಯ ಇದೆ, ಓದುವಾಗ ಸುಲಭವಾಗಿ ಜಾರಿಹೋಗುತ್ತೆ. ಎಷ್ಟೋ ವರ್ಷ ಆದ್ಮೇಲೆ ಅದೇ ಶಾಲೆಯ ಕೆಲವು ಹುಡುಗರು ಆ ಗೋಡೆಯ ಗುರುತನ್ನ ತಮ್ಮ ಪುಸ್ತಕ, ಬಟ್ಟೆ ಮೇಲೆ ಬರ್ಕೊಂಡು ಓಡಾಡ್ತಿದ್ರಂತೆ. ಗ್ರಿಂಡೆಲ್‌ವಾಲ್ಡ್ ಮೇಲೆ ಭಕ್ತಿ ಇತ್ತು ಅಂತಲ್ಲ, ಬಿಲ್ಡಪ್‌ಗೆ. ಮನೆಯವರನ್ನ ಕಳ್ಕೊಂಡಿದ್ದ ಹುಡುಗರು ಅವರಿಗೆ ಸರಿಯಾಗಿ ಬುದ್ಧಿ ಕಲಿಸೋ ತನಕ ಅದು ನಡೀತು.

ಇನ್ನೂ ಒಂದಿದೆ. ಆ ಶಾಮಿಯಾನದಲ್ಲಿ ಅಷ್ಟು ಜನ ಇದ್ದರೂ ಕ್ರಮ್ ಬಿಟ್ಟು ಬೇರೆ ಯಾರಿಗೂ ಆ ಸರ ನೋಡಿ ಏನೂ ಅನಿಸಲಿಲ್ಲ. ಗ್ರಿಂಡೆಲ್‌ವಾಲ್ಡ್‌ನ ಆಟ ಬ್ರಿಟನ್ ತನಕ ಬಂದಿರಲಿಲ್ಲ. ಪೆಟ್ಟು ಬಿದ್ದ ಊರಲ್ಲಿ ಗುರುತಿಗೆ ಒಂದು ಅರ್ಥ, ಬೀಳದ ಊರಲ್ಲಿ ಇನ್ನೊಂದು. ಇಬ್ಬರೂ ಒಂದೇ ಶಾಮಿಯಾನದ ಕೆಳಗೆ ಕೂತು ಊಟ ಮಾಡ್ತಿದಾರೆ.

ಡಂಬಲ್‌ಡೋರ್ ಗ್ರಿಂಡೆಲ್‌ವಾಲ್ಡ್‌ನನ್ನ ಸೋಲಿಸಿದ ವರ್ಷ 1945. ಅವನು ಕಟ್ಟಿಸಿದ ಜೈಲಿನ ಹೆಸರು ನರ್ಮೆನ್‌ಗಾರ್ಡ್. ಆ ವರ್ಷ, ಜರ್ಮನ್ ವಾಸನೆಯ ಆ ಹೆಸರು, ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ. ಯಾವ ಚರಿತ್ರೆಯ ಕಡೆ ಕೈ ತೋರಿಸ್ತಿದೆ ಅಂತ ನಾನು ಹೇಳಬೇಕಾ?

(3/7)
ಈಗ ಪುಸ್ತಕದಿಂದ ಹೊರಗೆ ಬರೋಣ. ಈ ಆಕಾರ ಲೇಖಕಿಯ ತಲೆಗೆ ಎಲ್ಲಿಂದ ಬಂತು?

1990ರ ಡಿಸೆಂಬರ್ 30. ಜೆ.ಕೆ. ರೌಲಿಂಗ್‌ಗೆ ಆಗ 25 ವರ್ಷ. ಹ್ಯಾರಿ ಪಾಟರ್ ಕಥೆ ತಲೆಗೆ ಹೊಳೆದದ್ದೂ ಅದೇ ವರ್ಷ. ಅವರಮ್ಮ ಆನ್‌ಗೆ ತುಂಬಾ ವರ್ಷದಿಂದ ಮಲ್ಟಿಪಲ್ ಸ್ಕ್ಲೆರೋಸಿಸ್ ಕಾಯಿಲೆ. ಅವತ್ತು ತೀರಿಹೋದರು, 45 ವರ್ಷಕ್ಕೆ. ಮಗಳು ಹ್ಯಾರಿ ಪಾಟರ್ ಅಂತ ಏನೋ ಬರೀತಿದ್ದಾಳೆ ಅನ್ನೋದು ಅಮ್ಮನಿಗೆ ಕೊನೆಗೂ ಗೊತ್ತಾಗಲಿಲ್ಲ.

2017ರಲ್ಲಿ ಬಿಬಿಸಿಯ ಒಂದು ಡಾಕ್ಯುಮೆಂಟರಿಯಲ್ಲಿ ರೌಲಿಂಗ್ ಈ ವಿಷಯ ಹೇಳಿದ್ರು. ಅಮ್ಮ ತೀರಿಹೋದ ರಾತ್ರಿ ಅವರು ಟಿವಿಯಲ್ಲಿ ನೋಡ್ತಿದ್ದ ಸಿನಿಮಾ 'ದ ಮ್ಯಾನ್ ಹೂ ವುಡ್ ಬಿ ಕಿಂಗ್'. ಅದರಲ್ಲಿ ಫ್ರೀಮೇಸನ್‌ಗಳ ಗುರುತು ಕಥೆಯ ಮುಖ್ಯ ಭಾಗ. ಎಷ್ಟೋ ವರ್ಷ ಆದ್ಮೇಲೆ ಆ ಸಿನಿಮಾ ಮತ್ತೆ ನೋಡಿದಾಗ, ತನ್ನ ಹ್ಯಾಲೋಸ್ ಗುರುತಿಗೂ ಅದಕ್ಕೂ ಇರೋ ಹೋಲಿಕೆ ಕಂಡು ಅವರಿಗೇ ಮೈ ಜುಂ ಅಂತಂತೆ. ಬೇಕು ಅಂತ ಮಾಡಿದ್ದಲ್ಲ, ಒಳಮನಸ್ಸಿಂದ ಬಂದಿರಬೇಕು ಅಂತ ಅವರ ನಂಬಿಕೆ.

ಈಗ ಮತ್ತೆ ಮೊದಲ ಸ್ಲೈಡ್‌ಗೆ ಹೋಗಿ ವೃತ್ತ ನೋಡಿ. ಸತ್ತವರನ್ನ ಕರೆಸೋ ಕಲ್ಲು. ಹ್ಯಾರಿ ಕೊನೆಗೆ ಸಾವಿನ ಕಡೆ ನಡೆದು ಹೋಗುವಾಗ ಆ ಕಲ್ಲು ತಿರುಗಿಸ್ತಾನಲ್ಲ, ಅಪ್ಪ ಅಮ್ಮ ಬಂದು ಪಕ್ಕದಲ್ಲೇ ಹೆಜ್ಜೆ ಹಾಕ್ತಾರಲ್ಲ. ಅದನ್ನ ಬರೆದವರು ಯಾರು ಅಂತ ನೆನಪಿಟ್ಟುಕೊಂಡು ಓದಿದ್ರೆ ಆ ಪುಟ ಬೇರೆ ಥರ ಕಾಣುತ್ತೆ.

(4/7)
ಸಿನಿಮಾ ಬಂದದ್ದು 1975ರಲ್ಲಿ. ನಿರ್ದೇಶಕ ಜಾನ್ ಹ್ಯೂಸ್ಟನ್. ಶಾನ್ ಕಾನರಿ, ಮೈಕೆಲ್ ಕೇನ್, ಜೊತೆಗೆ ನಮ್ಮ ಸಯೀದ್ ಜಾಫ್ರಿ. ಕಥೆ ಮಾತ್ರ ಅದಕ್ಕಿಂತ ಎಷ್ಟೋ ಹಳೇದು. 1888ರಲ್ಲಿ ಅಲಹಾಬಾದಿನಲ್ಲಿ ಅಚ್ಚಾದದ್ದು. ಬರೆದವನು ರುಡ್ಯಾರ್ಡ್ ಕಿಪ್ಲಿಂಗ್, ಹೌದು, 'ಜಂಗಲ್ ಬುಕ್'ನ ಮೋಗ್ಲಿಯ ಕಿಪ್ಲಿಂಗ್. ಹುಟ್ಟಿದ್ದು ಬಾಂಬೆಯಲ್ಲಿ, 1865ರ ಡಿಸೆಂಬರ್ 30ಕ್ಕೆ. ಮೇಲಿನ ತಾರೀಖು ಇನ್ನೊಂದು ಸಲ ನೋಡಿ. ಕಾಕತಾಳೀಯ ಅಷ್ಟೇ, ಆದರೂ ಹೇಳದೆ ಇರೋಕಾಗಲ್ಲ.

ಕಿಪ್ಲಿಂಗ್ ಲಾಹೋರಿನ ಪತ್ರಿಕೆಯೊಂದರಲ್ಲಿ ಕೆಲಸ ಮಾಡ್ತಿದ್ದ. 1886ರಲ್ಲಿ ಅಲ್ಲಿನ ಫ್ರೀಮೇಸನ್ ಲಾಡ್ಜ್ ಸೇರಿದ. ಸೇರೋಕೆ 21 ಆಗಿರಬೇಕು, ಇವನಿಗೆ 20. ವಿಶೇಷ ಅನುಮತಿ ಕೊಟ್ಟು ಸೇರಿಸ್ಕೊಂಡ್ರು. (ನನಗೂ ಇಪ್ಪತ್ತೇ. ನಾನು ಸೇರಿರೋದು ಕಾಲೇಜಿನ ಕಾಮರ್ಸ್ ಫೋರಂ ಮಾತ್ರ.) ಮೇಸನ್‌ಗಳ ಗುರುತು ಅಂದ್ರೆ ಕಲ್ಲುಕೆಲಸದವರ ಸಾಮಾನು: ಮೇಲೆ ಕೈವಾರ, ಕೆಳಗೆ ಮೂಲೆಮಟ್ಟ. ಎರಡೂ ಎದುರುಬದುರಾಗಿ ಇಟ್ಟಾಗ ಒಂದರೊಳಗೊಂದು ತ್ರಿಕೋನದ ಥರ ಕಾಣುತ್ತೆ. ಅದರ ಕೆಲಸ ಮುಖ್ಯವಾಗಿ ಒಂದೇ, ನಮ್ಮವನು ಯಾರು ಅಂತ ತಿಳ್ಕೊಳ್ಳೋದು. ಸಿನಿಮಾದಲ್ಲಿ ಪೀಚಿ ಅನ್ನೋನು ರೈಲ್ವೆ ಸ್ಟೇಷನ್ನಲ್ಲಿ ಕಿಪ್ಲಿಂಗನ ಗಡಿಯಾರ ಕದೀತಾನೆ. ಅದರ ಸರಪಳಿಯಲ್ಲಿ ಮೇಸನ್ ಗುರುತು ನೋಡಿ, ಅಯ್ಯೋ ನಮ್ಮವನದ್ದೇ ಕದ್ದುಬಿಟ್ಟೆನಲ್ಲ ಅಂತ ವಾಪಸ್ ಕೊಡೋಕೆ ಒದ್ದಾಡ್ತಾನೆ. ಜೆನೋಫಿಲಿಯಸ್ ತನ್ನ ಸರದ ಬಗ್ಗೆ ಹೇಳೋದೂ ಇದೇ. ಹ್ಯಾಲೋಸ್ ನಂಬೋರು ಒಬ್ಬರನ್ನೊಬ್ಬರು ಗುರುತಿಸೋಕೆ ಇದನ್ನ ಹಾಕ್ಕೊಳ್ತಾರೆ ಅಂತ.

ಪೀಚಿ, ಡ್ಯಾನಿ ಇಬ್ಬರೂ ಸೈನ್ಯ ಬಿಟ್ಟ ಪೋಲಿಗಳು. ರಾಜರಾಗ್ತೀವಿ ಅಂತ ಕಾಫಿರಿಸ್ತಾನಕ್ಕೆ ಹೊರಡ್ತಾರೆ. ಈಗಿನ ಅಫ್ಘಾನಿಸ್ತಾನದ ನೂರಿಸ್ತಾನ ಅದು. ಕಿಪ್ಲಿಂಗ್ ತನ್ನ ಮೇಸನ್ ಪದಕ ಡ್ಯಾನಿಗೆ ಕೊಟ್ಟು ಕಳಿಸ್ತಾನೆ. ಅಲ್ಲಿನ ಪೂಜಾರಿಗಳು ಇವನು ದೇವರೋ ಮನುಷ್ಯನೋ ಪರೀಕ್ಷೆ ಮಾಡೋಣ ಅಂತ ಅಂಗಿ ಹರಿದಾಗ ಎದೆ ಮೇಲೆ ಆ ಪದಕ ಕಾಣುತ್ತೆ. ಹಿಂದೆ ಅಲೆಗ್ಸಾಂಡರ್ ಬಂದಾಗ ಬಿಟ್ಟುಹೋದ ಕಲ್ಲಿನ ಮೇಲೂ ಅದೇ ಗುರುತು! ಎಲ್ಲರೂ ಅಡ್ಡ ಬೀಳ್ತಾರೆ. ಡ್ಯಾನಿಗೆ ಕಿರೀಟ, ಖಜಾನೆ, ಎಲ್ಲಾ ಸಿಗುತ್ತೆ. ಆಮೇಲೆ ತಾನು ನಿಜವಾಗಲೂ ದೇವರೇ ಅಂತ ಅವನಿಗೂ ಅನಿಸೋಕೆ ಶುರುವಾಗುತ್ತೆ. ಮದುವೆ ಮಾಡ್ಕೊಳ್ಳೋಕೆ ಹೋದಾಗ ಹೆದರಿದ ಹುಡುಗಿ ಕಚ್ಚಿಬಿಡ್ತಾಳೆ, ರಕ್ತ ಬರುತ್ತೆ. ದೇವರಿಗೆ ರಕ್ತ ಬರುತ್ತಾ? ಅಲ್ಲಿಗೆ ಮುಗೀತು. ಹಗ್ಗದ ಸೇತುವೆ ಮೇಲೆ ನಿಲ್ಲಿಸಿ ಹಗ್ಗ ಕಡೀತಾರೆ.

ಸಿಕ್ಕ ಗುರುತು, ಅದರಿಂದ ಬಂದ ಅಧಿಕಾರ, ಸಾವಿಲ್ಲ ಅನ್ನೋ ಭ್ರಮೆ, ಬೀಳು. ಎಲ್ಡರ್ ವಾಂಡ್ ಹಿಡಿದವರ ಕಥೆಯೂ ಇದೇ ಅಲ್ವಾ?

(5/7)
ಈ ಭಾಗಕ್ಕೋಸ್ಕರವೇ ನಾನು ಇಷ್ಟು ಬರೆದದ್ದು. ನಿಧಾನಕ್ಕೆ ಓದಿ.

ಕಿಪ್ಲಿಂಗನ ಹಳೇ ಪುಸ್ತಕಗಳ ರಟ್ಟಿನ ಮೇಲೆ ಒಂದು ಮುದ್ರೆ ಇರ್ತಿತ್ತು. ಸೊಂಡಿಲಲ್ಲಿ ಕಮಲ ಹಿಡಿದ ಆನೆಯ ಮುಖ, ನಮ್ಮ ಗಣಪತಿಯ ನೆರಳು. ಪಕ್ಕದಲ್ಲಿ ಸ್ವಸ್ತಿಕ. ಅವನ ಅಪ್ಪ ಲಾಕ್‌ವುಡ್ ಕಿಪ್ಲಿಂಗ್ ಬಾಂಬೆಯ ಜೆ.ಜೆ. ಕಲಾಶಾಲೆಯಲ್ಲಿ ಮೇಷ್ಟ್ರು, ಭಾರತದ ಕರಕುಶಲ ಕೆಲಸ ಚೆನ್ನಾಗಿ ತಿಳಿದವನು. ಹಾಗಾಗಿ ಆ ಮನೆಯಲ್ಲಿ ಸ್ವಸ್ತಿಕ ಅಂದ್ರೆ ನಮ್ಮಲ್ಲಿ ಇರೋ ಅರ್ಥವೇ, ಶುಭ. ಸು, ಅಸ್ತಿ: ಒಳ್ಳೆಯದಾಗಲಿ. ನಮ್ಮ ಎಷ್ಟೋ ಕನ್ನಡ ಶಾಸನಗಳು 'ಸ್ವಸ್ತಿ' ಅಂತಲೇ ಶುರುವಾಗ್ತವೆ. ಜೈನರಿಗೆ ಅದು ಏಳನೇ ತೀರ್ಥಂಕರ ಸುಪಾರ್ಶ್ವನಾಥರ ಲಾಂಛನ, ಬಸದಿಯಲ್ಲಿ ಅಕ್ಕಿಕಾಳಲ್ಲಿ ಬರೀತಾರೆ. ನಮ್ಮ ದೊಡ್ಡಪ್ಪನ ಹಾರ್ಡ್‌ವೇರ್ ಅಂಗಡಿಯಲ್ಲಿ ಇವತ್ತಿಗೂ ದೀಪಾವಳಿ ಲಕ್ಷ್ಮೀಪೂಜೆ ದಿನ ಹೊಸ ಲೆಕ್ಕದ ಪುಸ್ತಕದ ಮೊದಲ ಪುಟಕ್ಕೆ ಕುಂಕುಮದಲ್ಲಿ ಅದನ್ನ ಬರೆದೇ ಶುರು. ಜಿಎಸ್‌ಟಿ ಎಲ್ಲಾ ಕಂಪ್ಯೂಟರಿನಲ್ಲೇ ಇದ್ರೂ ಆ ಒಂದು ಪುಸ್ತಕ ಬರಲೇಬೇಕು.

ಯುರೋಪಿನಲ್ಲಿ ಬೇರೆ ಏನೋ ನಡೀತಿತ್ತು. 1870ರ ದಶಕದಲ್ಲಿ ಹೈನ್‌ರಿಚ್ ಶ್ಲೀಮನ್ ಅನ್ನೋ ಜರ್ಮನ್ ವ್ಯಾಪಾರಿ ಈಗಿನ ಟರ್ಕಿಯಲ್ಲಿ ಟ್ರಾಯ್ ನಗರ ಅಗೀತಾನೆ. ಅಲ್ಲಿ ಸಿಕ್ಕ ಮಣ್ಣಿನ ವಸ್ತುಗಳ ಮೇಲೆ ಸ್ವಸ್ತಿಕದ ಆಕಾರ. ಇದು ಆರ್ಯರ ಗುರುತು ಅಂತ ಸುದ್ದಿ ಹಬ್ಬುತ್ತೆ. ಸಂಸ್ಕೃತ ಪಂಡಿತ ಮ್ಯಾಕ್ಸ್ ಮುಲ್ಲರ್ ಅವನಿಗೆ ಪತ್ರ ಬರೆದು, ಭಾರತದ ಆಚೆ ಸಿಕ್ಕಿದ್ದಕ್ಕೆಲ್ಲ ಸ್ವಸ್ತಿಕ ಅನ್ನೋ ಹೆಸರು ಹಾಕಬೇಡ ಅಂತ ಎಚ್ಚರಿಸಿದ್ರು. ಶ್ಲೀಮನ್ ಆ ಪತ್ರವನ್ನ 1880ರಲ್ಲಿ ತನ್ನ ಪುಸ್ತಕದಲ್ಲೇ ಅಚ್ಚು ಹಾಕಿಸಿದ. ಜನ ಪುಸ್ತಕ ಓದಿದ್ರು, ಎಚ್ಚರಿಕೆ ಬಿಟ್ಟರು. 1920ರಲ್ಲಿ ಹಿಟ್ಲರ್ ಅದನ್ನ ತನ್ನ ಪಕ್ಷದ ಬಾವುಟಕ್ಕೆ ತಗೊಂಡ. 1935ರಲ್ಲಿ ಅದೇ ದೇಶದ ಬಾವುಟ ಆಯ್ತು. ಅದರ ಕೆಳಗೆ 60 ಲಕ್ಷ ಯಹೂದಿಗಳನ್ನ ಕೊಂದರು.

ನಮ್ಮ ವಾಟ್ಸಾಪ್ ಗ್ರೂಪಿನಲ್ಲಿ ಒಂದು ಸಮಾಧಾನ ಓಡಾಡುತ್ತೆ: "ಅವರದ್ದು ಉಲ್ಟಾ, ನಮ್ಮದು ಸೀದಾ." ತಪ್ಪು. ನಾವು ಸಾಮಾನ್ಯವಾಗಿ ಬರೆಯೋದೂ ನಾಜಿಗಳದ್ದೂ ಒಂದೇ ಕಡೆ ತಿರುಗಿದೆ. ಬಾವುಟದ ಮೇಲೆ ಅವರು ಓರೆಯಾಗಿ ನಿಲ್ಲಿಸಿದ್ರು, ಕೆಲವು ಕಡೆ ನೆಟ್ಟಗೂ ಹಾಕಿದ್ರು. ಜಪಾನಿನ ನಕ್ಷೆಗಳಲ್ಲಿ ಬೌದ್ಧ ದೇವಸ್ಥಾನ ತೋರಿಸೋಕೆ ಹಾಕೋದೇ ನಿಜವಾಗಿ ಉಲ್ಟಾ ಕಡೆಯದ್ದು. ಆಕಾರದಿಂದ ಇದರ ಜಗಳ ಬಗೆಹರಿಯಲ್ಲ.

ನಾಜಿಗಳು ಮೇಲೇಳ್ತಿದ್ದಾಗ ಕಿಪ್ಲಿಂಗ್ ಏನು ಮಾಡಿದ? ತನ್ನ ಪುಸ್ತಕಗಳ ಮೇಲಿಂದ ಸ್ವಸ್ತಿಕ ತೆಗೆಸಿದ. ಸಾಮ್ರಾಜ್ಯದ ಪರ ಬರೆದವನು ಅವನು, ನಮ್ಮ ಬಗ್ಗೆ ಅವನ ಎಷ್ಟೋ ಅಭಿಪ್ರಾಯ ಕೇಳಿದ್ರೆ ಸಿಟ್ಟೇ ಬರುತ್ತೆ. ಈ ವಿಷಯದಲ್ಲಿ ಮಾತ್ರ ಬೇಗ ಎಚ್ಚೆತ್ತ. 1936ರ ಜನವರಿಯಲ್ಲಿ ತೀರಿಕೊಂಡ, ಮುಂದಿನದ್ದನ್ನ ನೋಡಲಿಲ್ಲ.

ಒಟ್ಟಿಗೆ ಇಟ್ಟು ನೋಡಿ. ರೌಲಿಂಗ್‌ಗೆ ಆಕಾರ ಕೊಟ್ಟದ್ದು ಕಿಪ್ಲಿಂಗನ ಕಥೆಯ ಮೇಸನ್ ಗುರುತು. ಆ ಆಕಾರಕ್ಕೆ ಅವರು ಕಥೆಯಲ್ಲಿ ಕೊಟ್ಟ ವಿಧಿ ಮಾತ್ರ ಕಿಪ್ಲಿಂಗ್ ತನ್ನ ರಟ್ಟಿನಿಂದ ಅಳಿಸಿದ ಇನ್ನೊಂದು ಗುರುತಿನದ್ದು. ಎರಡನೇದು ಅವರಿಗೆ ಹೊಳೆದಿತ್ತು ಅಂತ ನಾನು ಹೇಳ್ತಿಲ್ಲ, ಹಾಗಂತ ಅವರು ಎಲ್ಲೂ ಹೇಳಿದ ಹಾಗಿಲ್ಲ. ನನಗೆ ಮಾತ್ರ ಎರಡನ್ನೂ ಬೇರೆ ಮಾಡಿ ನೋಡೋಕೆ ಆಗ್ತಿಲ್ಲ.

(6/7)
ಗುರುತು ಕದ್ದುಹೋದ ಮೇಲೆ ಅದರ ಹಳೇ ಮನೆಯವರು ಏನು ಮಾಡಬೇಕು? ಕಿಪ್ಲಿಂಗ್ ಬಿಟ್ಟುಕೊಟ್ಟ. ಬೇರೆಯವರು?

ಅಮೆರಿಕದ ಅರಿಜೋನಾದಲ್ಲಿ ನವಾಹೋ ಜನ ಕಂಬಳಿಗಳ ಮೇಲೆ ಇದೇ ಆಕಾರ ನೇಯ್ತಿದ್ರು. ಅವರಲ್ಲಿ ಅದರ ಹೆಸರು 'ತಿರುಗುವ ದಿಮ್ಮಿ', ಕಾಯಿಲೆ ವಾಸಿ ಮಾಡೋ ಅವರ ಆಚರಣೆಯ ಗುರುತು. 1940ರ ಫೆಬ್ರವರಿಯಲ್ಲಿ ನವಾಹೋ, ಹೋಪಿ, ಅಪಾಚೆ, ಪಾಪಾಗೋ, ನಾಲ್ಕೂ ಬುಡಕಟ್ಟಿನವರು ಸೇರಿ, ಇನ್ಮೇಲೆ ನಮ್ಮ ಕಂಬಳಿ, ಬುಟ್ಟಿ, ಬಟ್ಟೆ ಮೇಲೆ ಇದನ್ನ ಹಾಕಲ್ಲ ಅಂತ ಸಹಿ ಹಾಕಿದ್ರು. ಅಮೆರಿಕ ಇನ್ನೂ ಯುದ್ಧಕ್ಕೇ ಇಳಿದಿರಲಿಲ್ಲ. ಅವರು ಮಾಡಿದ ತಪ್ಪೇನು? ಏನೂ ಇಲ್ಲ. ಇದನ್ನ ಓದಿದಾಗ ನನಗೆ ಬೇಜಾರೇ ಆಯ್ತು.

ಇನ್ನು 2007. ಜನವರಿ 11ಕ್ಕೆ ರೌಲಿಂಗ್ ಎಡಿನ್‌ಬರಾದ ಬಾಲ್ಮೋರಲ್ ಹೋಟೆಲ್ಲಿನಲ್ಲಿ ಏಳನೇ ಪುಸ್ತಕ ಬರೆದು ಮುಗಿಸಿದ್ರು. ಅದೇ ತಿಂಗಳು, ಯುರೋಪ್ ಒಕ್ಕೂಟ ಪೂರ್ತಿ ಸ್ವಸ್ತಿಕ ನಿಷೇಧ ಆಗಲಿ ಅಂತ ಜರ್ಮನಿ ಮುಂದೆ ಬಂತು. ಬ್ರಿಟನ್ನಿನ ಹಿಂದೂ ಸಂಘಟನೆಗಳು ಎದ್ದು ನಿಂತವು: ನಾಜಿಗಳಿಗಿಂತ ಸಾವಿರಾರು ವರ್ಷ ಮುಂಚೆಯಿಂದ ಇದು ನಮ್ಮದು, ನಾವ್ಯಾಕೆ ಬಿಡಬೇಕು ಅಂತ. ತಿಂಗಳ ಕೊನೆಗೆ ಜರ್ಮನಿ ಆ ಪ್ರಸ್ತಾಪ ಕೈಬಿಟ್ಟಿತು. ಮಾರ್ಚಿನಲ್ಲಿ ಜರ್ಮನಿಯ ಮೇಲಿನ ಕೋರ್ಟು, ನಾಜಿಗಳನ್ನ ವಿರೋಧಿಸಿ ಸ್ವಸ್ತಿಕಕ್ಕೆ ಅಡ್ಡಗೆರೆ ಎಳೆದು ತೋರಿಸೋದು ಅಪರಾಧ ಅಲ್ಲ ಅಂತು. ಜುಲೈ 21ಕ್ಕೆ ಪುಸ್ತಕ ಬಂತು, ಅದರಲ್ಲಿ ಆ ಮದುವೆ ಶಾಮಿಯಾನ. ಒಂದರಿಂದ ಇನ್ನೊಂದು ಹುಟ್ಟಿದ್ದಲ್ಲ, ತಾರೀಖು ನೋಡಿದ್ರೇ ಗೊತ್ತಾಗುತ್ತೆ. ಆದರೆ ಅದೇ ವರ್ಷ ಯುರೋಪಿನಲ್ಲಿ ನಿಜವಾದ ಕ್ರಮ್‌ಗಳೂ ನಿಜವಾದ ಜೆನೋಫಿಲಿಯಸ್‌ಗಳೂ ಇದೇ ಮಾತು ಆಡ್ತಿದ್ರು.

ಇವತ್ತಿಗೂ ಜರ್ಮನಿಯಲ್ಲಿ ನಾಜಿ ಗುರುತು ಸಾರ್ವಜನಿಕವಾಗಿ ತೋರಿಸಿದ್ರೆ ಮೂರು ವರ್ಷದ ತನಕ ಜೈಲು ಅಥವಾ ದಂಡ. ಪಾಠ, ಕಲೆ, ಸಂಶೋಧನೆಗೆ ವಿನಾಯಿತಿ ಇದೆ. ಆಸ್ಟ್ರೇಲಿಯಾದ ವಿಕ್ಟೋರಿಯಾ ರಾಜ್ಯ 2022ರಲ್ಲಿ ಮಾಡಿದ ಕಾನೂನು ನನಗೆ ಹೆಚ್ಚು ಹಿಡಿಸ್ತು. ನಾಜಿ ಗುರುತಿಗೆ ಅವರ ಜರ್ಮನ್ ಹೆಸರೇ ಹಾಕೆನ್‌ಕ್ರಾಯ್ಟ್ಸ್ ಅಂತ ಬರೆದು ನಿಷೇಧಿಸಿದ್ರು. ಹಿಂದೂ, ಜೈನ, ಬೌದ್ಧರ ಸ್ವಸ್ತಿಕಕ್ಕೆ ತೊಂದರೆ ಇಲ್ಲ ಅಂತಲೂ ಸೇರಿಸಿದ್ರು. ಮುಲ್ಲರ್ ಬೇಡ ಅಂದಿದ್ದ ಹೆಸರಿನ ಗೊಂದಲ ಬಿಡಿಸೋಕೆ 140 ವರ್ಷಕ್ಕಿಂತ ಜಾಸ್ತಿ ಬೇಕಾಯ್ತು.

(7/7)
ಪಾರ್ಟ್‌ನರ್‌ಶಿಪ್ ಅಕೌಂಟ್ಸಿನಲ್ಲಿ ಗುಡ್‌ವಿಲ್ ಲೆಕ್ಕ ಮಾಡ್ತೀವಲ್ಲ, ಅಂಗಡಿ ಕೈ ಬದಲಾದ್ರೂ ಹೆಸರಿನ ಜೊತೆ ಹೋಗೋ ಕಣ್ಣಿಗೆ ಕಾಣದ ಆಸ್ತಿ. ಗುರುತಿನದ್ದೂ ಹಾಗೇ. ಒಂದೇ ವ್ಯತ್ಯಾಸ, ನಡುವೆ ಬಂದ ಪಾಲುದಾರ ಮಾಡಿದ ಸಾಲವೂ ಅದರ ಜೊತೆಗೇ ಬರುತ್ತೆ.

ಮದುವೆಯಲ್ಲಿ ಸರಿ ಯಾರದ್ದು? ಚರಿತ್ರೆ ಲೆಕ್ಕದಲ್ಲಿ ಜೆನೋಫಿಲಿಯಸ್‌ದು. ಗ್ರಿಂಡೆಲ್‌ವಾಲ್ಡ್ ಹುಟ್ಟೋ ಎಷ್ಟೋ ಮೊದಲೇ ಗಾಡ್ರಿಕ್ಸ್ ಹಾಲೋದ ಹಳೇ ಸಮಾಧಿ ಕಲ್ಲಿನ ಮೇಲೆ ಆ ಗುರುತು ಇತ್ತು, ಅದನ್ನ ಹುಡುಕ್ಕೊಂಡೇ ಅವನು ಆ ಊರಿಗೆ ಬಂದದ್ದು. ಆದರೆ ಕ್ರಮ್‌ನ ಸಿಟ್ಟು ಅಜ್ಞಾನ ಅಲ್ಲ. ಅವನ ಅಜ್ಜ ಸತ್ತಿದ್ದು ನಿಜ. ಇಬ್ಬರೂ ಎದುರುಬದುರು ಕೂತು ಮಾತಾಡೋ ದೃಶ್ಯವನ್ನ ರೌಲಿಂಗ್ ಬರೆಯಲೇ ಇಲ್ಲ. ಕ್ರಮ್ ಹೇಳಿದ್ದು ಬೇರೆಯವರ ಹತ್ತಿರ, ಜೆನೋಫಿಲಿಯಸ್‌ಗೆ ತಾನು ಯಾರಿಗೆ ನೋವು ಮಾಡಿದೆ ಅಂತಲೇ ಗೊತ್ತಾಗಲಿಲ್ಲ.

ನನ್ನ ಸಿಟ್ಟು ಅವರಿಬ್ಬರ ಮೇಲೂ ಇಲ್ಲ, ಪುಸ್ತಕದ ಮೇಲೆ ಬರ್ಕೊಂಡ ಆ ಡರ್ಮ್‌ಸ್ಟ್ರಾಂಗ್ ಹುಡುಗರ ಮೇಲೆ. ಅವರು ನಮ್ಮಲ್ಲೂ ಇದಾರೆ. ಹಿಟ್ಲರ್ ಫೋಟೋ ಸ್ಟೇಟಸ್ ಹಾಕಿ ಖಡಕ್ ಲೀಡರ್ ಅನ್ನೋರು, ಬೈಕಿನ ಟ್ಯಾಂಕ್ ಮೇಲೆ ಕೆಂಪು ಹಿನ್ನೆಲೆ, ಬಿಳಿ ವೃತ್ತ, ಓರೆ ಸ್ವಸ್ತಿಕದ ಸ್ಟಿಕ್ಕರ್ ಅಂಟಿಸೋರು. "ನಮ್ಮ ಧರ್ಮದ ಗುರುತು ಅಲ್ವಾ" ಅಂತಾರೆ. ಅಲ್ಲಪ್ಪಾ. ಅಂಗಳದ ರಂಗೋಲಿಯಲ್ಲಿ ಇರೋದು ನಮ್ಮದು. ಆ ಬಣ್ಣ, ಆ ವೃತ್ತದೊಳಗೆ ಇರೋದು ಅವನದ್ದು.

ಟ್ಯಾಟೂ ಕೇಳಿದವಳಿಗೆ ನನ್ನ ಉತ್ತರ: ಹಾಕಿಸ್ಕೊ. ನಮ್ಮ ಲೋಕದಲ್ಲಿ ಆ ತ್ರಿಕೋನದ ಹೆಸರಲ್ಲಿ ಯಾರೂ ಯಾರನ್ನೂ ಕೊಂದಿಲ್ಲ.

ಇನ್ನೊಂದು ಪ್ರಶ್ನೆಗೆ ಮನೆಯಲ್ಲಿ ಇನ್ನೂ ಉತ್ತರ ಸಿಕ್ಕಿಲ್ಲ. ದೊಡ್ಡಪ್ಪನ ಮಗಳು, ನಮ್ಮಕ್ಕ, ಮಾಸ್ಟರ್ಸ್ ಮಾಡೋಕೆ ಜರ್ಮನಿಗೆ ಹೊರಟಿದ್ದಾಳೆ. ಬಾಗಿಲಿಗೆ ಅಂಟಿಸ್ಕೊ ಅಂತ ದೊಡ್ಡಮ್ಮ ಸೂಟ್‌ಕೇಸಿಗೆ ಸ್ವಸ್ತಿಕ, ಶುಭಲಾಭದ ಸ್ಟಿಕ್ಕರ್ ಹಾಕಿದ್ದಾರೆ. ಅಕ್ಕ ತೆಗೀತಾಳೆ, ದೊಡ್ಡಮ್ಮ ಮತ್ತೆ ಹಾಕ್ತಾರೆ. ಬಾಗಿಲ ಹೊರಗೆ ಬೇಡ, ಒಳಗೆ ದೇವರ ಫೋಟೋ ಹತ್ತಿರ ಇಟ್ಕೊ, ರೂಮ್‌ಮೇಟ್‌ಗೆ ಮೊದಲ ದಿನವೇ ಇದು ಏನು ಅಂತ ಹೇಳು ಅನ್ನೋದು ನನ್ನ ಸಲಹೆ. "ದೇವರ ಗುರುತನ್ನ ಬಚ್ಚಿಡಬೇಕೇನೋ?" ಅಂತ ದೊಡ್ಡಮ್ಮ ಕೇಳಿದ್ರು.

ಜರ್ಮನಿ, ಆಸ್ಟ್ರಿಯಾ ಕಡೆ ಇರೋ ಅಣ್ಣ ಅಕ್ಕಂದಿರು ಯಾರಾದ್ರೂ ಇದನ್ನ ಓದ್ತಿದ್ರೆ, ನೀವು ಮನೆಯಲ್ಲಿ ಏನು ಮಾಡಿದ್ರಿ ಕಾಮೆಂಟಿನಲ್ಲಿ ಬರೀರಿ. ಅಕ್ಕನ ಫ್ಲೈಟ್ ಮುಂದಿನ ತಿಂಗಳು.